ಭಾರತ ಕಥೋಲಿಕ ಧರ್ಮಾಧ್ಯಕ್ಷರ ಮಂಡಳಿ

ಭಾರತ ಕಥೋಲಿಕ ಧರ್ಮಾಧ್ಯಕ್ಷರ ಮಂಡಳಿಯು (ಸಿ.ಬಿ.ಸಿ.ಐ.) ದೇಶದ ಕಥೋಲಿಕ ಧರ್ಮಾಧ್ಯಕ್ಷರನ್ನು, ಅಂದರೆ ಬಿಷಪ್ಪರನ್ನು, ಒಂದೆಡೆ ಸೇರಿಸುವ ರಾಷ್ಟ್ರಮಟ್ಟದ ಸಂಸ್ಥೆ. ಇದು 1944ರ ಸೆಪ್ಟೆಂಬರ್‌ನಲ್ಲಿ ಮದರಾಸಿನಲ್ಲಿ ಸ್ಥಾಪನೆಯಾಯಿತು. ಇದರ ಕೇಂದ್ರ ಕಚೇರಿ ನವದೆಹಲಿಯಲ್ಲಿದೆ. ಮಂಡಳಿಯ ಹೇಳಿಕೆಗಳು ಪತ್ರಿಕೆಗಳಲ್ಲಿ ‘ಚರ್ಚಿನ ನಿಲುವು’ ಎಂದು ಪ್ರಕಟವಾಗುವುದರಿಂದ, ಇದು ದೇಶದ ಎಲ್ಲ ಕಥೋಲಿಕ ಚರ್ಚುಗಳನ್ನು ಆಳುವ ಸಂಸ್ಥೆ ಎಂಬ ಭಾವನೆ ಸಾಮಾನ್ಯವಾಗಿದೆ. ವಾಸ್ತವವಾಗಿ ಇದು ಸಮಾಲೋಚನೆ ಮತ್ತು ಸಮನ್ವಯದ ವೇದಿಕೆ. ಇದರ ಅಧ್ಯಕ್ಷರು ಇತರ ಧರ್ಮಾಧ್ಯಕ್ಷರ ಮೇಲಧಿಕಾರಿಯಲ್ಲ.

== ಮೂರು ಧರ್ಮಸಭೆಗಳು ==

ಭಾರತದ ಕಥೋಲಿಕರು ಲ್ಯಾಟಿನ್, ಸಿರೋ-ಮಲಬಾರ್ ಮತ್ತು ಸಿರೋ-ಮಲಂಕರ ಎಂಬ ಮೂರು ಧರ್ಮಸಭೆಗಳಿಗೆ ಸೇರಿದವರು. ಮೂರೂ ಪೋಪರ ಪರಮಾಧಿಕಾರವನ್ನು ಒಪ್ಪುತ್ತವೆ. ಪೂಜಾವಿಧಿ, ಪರಂಪರೆ ಮತ್ತು ಆಡಳಿತ ಕ್ರಮಗಳಲ್ಲಿ ಭಿನ್ನವಾಗಿವೆ. ದೇಶದಲ್ಲಿರುವ 170ಕ್ಕೂ ಹೆಚ್ಚು ಧರ್ಮಪ್ರಾಂತ್ಯಗಳಲ್ಲಿ ಹೆಚ್ಚಿನವು ಲ್ಯಾಟಿನ್ ಧರ್ಮಸಭೆಯವು. ಈ ವೈವಿಧ್ಯವು ದಕ್ಷಿಣ ಕನ್ನಡ ಜಿಲ್ಲೆಯೊಂದರಲ್ಲೇ ಕಾಣಸಿಗುತ್ತದೆ: ಮಂಗಳೂರು ಲ್ಯಾಟಿನ್, ಬೆಳ್ತಂಗಡಿ ಸಿರೋ-ಮಲಬಾರ್ ಮತ್ತು ಪುತ್ತೂರು ಸಿರೋ-ಮಲಂಕರ ಧರ್ಮಪ್ರಾಂತ್ಯದ ಕೇಂದ್ರಗಳಾಗಿವೆ.

1987ರಲ್ಲಿ ಪೋಪ್ ಎರಡನೆಯ ಜಾನ್ ಪಾಲ್ ಅವರು ಭಾರತದ ಧರ್ಮಾಧ್ಯಕ್ಷರಿಗೆ ಪತ್ರ ಬರೆದು, ಪ್ರತಿಯೊಂದು ಧರ್ಮಸಭೆಗೂ ತನ್ನದೇ ಆದ ಧರ್ಮಾಧ್ಯಕ್ಷರ ಸಂಸ್ಥೆಯನ್ನು ಹೊಂದುವ ಹಕ್ಕಿದೆ ಎಂದು ತಿಳಿಸಿದರು. ಅದರಂತೆ ಲ್ಯಾಟಿನ್ ಧರ್ಮಾಧ್ಯಕ್ಷರಿಗಾಗಿ ಸಿ.ಸಿ.ಬಿ.ಐ. ಎಂಬ ಪ್ರತ್ಯೇಕ ಸಂಸ್ಥೆ ರೂಪುಗೊಂಡಿತು. ಉಳಿದೆರಡು ಪೌರಸ್ತ್ಯ ಧರ್ಮಸಭೆಗಳಲ್ಲಿ ಶಾಸನ ರಚಿಸುವ ಅಧಿಕಾರ ಅವುಗಳ ಸಿನೊಡ್‌ಗಳಿಗಿದೆ. ಮೂರಕ್ಕೂ ಸಮಾನವಾದ ರಾಷ್ಟ್ರೀಯ ವಿಷಯಗಳು ಸಿ.ಬಿ.ಸಿ.ಐ.ಯ ಪಾಲಿಗೆ ಉಳಿದವು. ಹೆಸರುಗಳು ಹೋಲುವುದರಿಂದ ಸಿ.ಬಿ.ಸಿ.ಐ. ಮತ್ತು ಸಿ.ಸಿ.ಬಿ.ಐ.ಗಳನ್ನು ಒಂದೇ ಎಂದು ತಪ್ಪಾಗಿ ತಿಳಿಯುವುದುಂಟು.

== ರಚನೆ ==

ಸಾಮಾನ್ಯ ಸಭೆಯು ಮಂಡಳಿಯ ಅತ್ಯುನ್ನತ ಅಂಗ. ಇದು ಸಾಮಾನ್ಯವಾಗಿ ಎರಡು ವರ್ಷಗಳಿಗೊಮ್ಮೆ ಸೇರಿ ಪದಾಧಿಕಾರಿಗಳನ್ನು ಆರಿಸುತ್ತದೆ. ಒಬ್ಬ ಅಧ್ಯಕ್ಷರು, ಇಬ್ಬರು ಉಪಾಧ್ಯಕ್ಷರು ಮತ್ತು ಒಬ್ಬ ಪ್ರಧಾನ ಕಾರ್ಯದರ್ಶಿ ಇರುತ್ತಾರೆ. 2022ರ ನವೆಂಬರ್‌ನಲ್ಲಿ ಬೆಂಗಳೂರಿನಲ್ಲಿ ನಡೆದ ಸಭೆಯಲ್ಲಿ ತ್ರಿಶೂರಿನ ಮಹಾಧರ್ಮಾಧ್ಯಕ್ಷ ಆಂಡ್ರ್ಯೂಸ್ ತಾಳತ್ ಅಧ್ಯಕ್ಷರಾಗಿ ಆಯ್ಕೆಯಾದರು. ಅಂದು ಆಯ್ಕೆಯಾದ ಅಧ್ಯಕ್ಷರು ಮತ್ತು ಉಪಾಧ್ಯಕ್ಷರು ಮೂರು ಬೇರೆ ಬೇರೆ ಧರ್ಮಸಭೆಗಳಿಗೆ ಸೇರಿದವರಾಗಿದ್ದರು.

ಸಾಮಾನ್ಯ ಸಭೆಗಳ ನಡುವಿನ ಅವಧಿಯಲ್ಲಿ ಸ್ಥಾಯಿ ಸಮಿತಿಯು ಕಾರ್ಯ ನಿರ್ವಹಿಸುತ್ತದೆ. ಶಿಕ್ಷಣ, ಆರೋಗ್ಯ, ಕಾರ್ಮಿಕರು, ಮಹಿಳೆಯರು, ದಲಿತರು ಮತ್ತು ಹಿಂದುಳಿದ ವರ್ಗಗಳು ಮೊದಲಾದ ವಿಷಯಗಳಿಗೆ ಪ್ರತ್ಯೇಕ ವಿಭಾಗಗಳಿವೆ. 1962ರಲ್ಲಿ ಆರಂಭವಾದ ಕಾರಿತಾಸ್ ಇಂಡಿಯಾ ಮತ್ತು 1963ರಲ್ಲಿ ಬೆಂಗಳೂರಿನಲ್ಲಿ ಆರಂಭವಾದ ಸೇಂಟ್ ಜಾನ್ಸ್ ವೈದ್ಯಕೀಯ ಕಾಲೇಜು ಮಂಡಳಿಗೆ ಸೇರಿದ ಸಂಸ್ಥೆಗಳು.

== ಅಧಿಕಾರದ ಮಿತಿ ==

ಎರಡನೆಯ ವ್ಯಾಟಿಕನ್ ಮಹಾಸಭೆಯು 1965ರಲ್ಲಿ ರಾಷ್ಟ್ರೀಯ ಧರ್ಮಾಧ್ಯಕ್ಷ ಮಂಡಳಿಗಳಿಗೆ ಉತ್ತೇಜನ ನೀಡಿತು. ಲ್ಯಾಟಿನ್ ಧರ್ಮಸಭೆಗೆ ಅನ್ವಯಿಸುವ 1983ರ ಧರ್ಮಸಭಾ ಕಾನೂನು ಅವುಗಳ ಅಧಿಕಾರವನ್ನು ಸ್ಪಷ್ಟವಾಗಿ ಸೀಮಿತಗೊಳಿಸಿದೆ. ಕಾನೂನು ಸೂಚಿಸಿದ ಅಥವಾ ಪೋಪರು ವಿಶೇಷವಾಗಿ ಒಪ್ಪಿಸಿದ ವಿಷಯಗಳಲ್ಲಿ ಮಾತ್ರ ಮಂಡಳಿಯು ಎಲ್ಲರನ್ನೂ ಬದ್ಧಗೊಳಿಸುವ ಆಜ್ಞೆ ಹೊರಡಿಸಬಹುದು. ಅದಕ್ಕೂ ಮತಾಧಿಕಾರವುಳ್ಳ ಸದಸ್ಯರಲ್ಲಿ ಕನಿಷ್ಠ ಮೂರನೇ ಎರಡರಷ್ಟು ಜನರ ಬೆಂಬಲ ಮತ್ತು ವ್ಯಾಟಿಕನ್ನಿನ ಪರಿಶೀಲನೆ ಅಗತ್ಯ. ಉಳಿದೆಲ್ಲ ವಿಷಯಗಳಲ್ಲಿ ಪ್ರತಿ ಧರ್ಮಾಧ್ಯಕ್ಷರ ಅಧಿಕಾರ ಅಬಾಧಿತವಾಗಿರುತ್ತದೆ. ಧರ್ಮಾಧ್ಯಕ್ಷರನ್ನು ನೇಮಿಸುವ ಅಥವಾ ವಜಾಗೊಳಿಸುವ ಅಧಿಕಾರ ಮಂಡಳಿಗಿಲ್ಲ.

== ಇತ್ತೀಚಿನ ನಿದರ್ಶನಗಳು ==

ಕೇರಳದ ಎರ್ನಾಕುಲಂ-ಅಂಗಮಾಲಿ ಮಹಾಧರ್ಮಪ್ರಾಂತ್ಯದ ಪೂಜಾವಿಧಿ ವಿವಾದವು ಈ ಮಿತಿಯನ್ನು ತೋರಿಸುತ್ತದೆ. ಏಕರೂಪದ ಬಲಿಪೂಜೆಯನ್ನು ಜಾರಿಗೊಳಿಸಲು ಸಿರೋ-ಮಲಬಾರ್ ಸಿನೊಡ್ 2021ರಲ್ಲಿ ತೀರ್ಮಾನಿಸಿತು. ಅಲ್ಲಿನ ಅನೇಕ ಗುರುಗಳು ಮತ್ತು ಭಕ್ತರು ಇದನ್ನು ವಿರೋಧಿಸಿದರು. 2022ರ ಜುಲೈನಲ್ಲಿ ಆಂಡ್ರ್ಯೂಸ್ ತಾಳತ್ ಅವರು ಆ ಪ್ರಾಂತ್ಯದ ಆಡಳಿತಾಧಿಕಾರಿಯಾದದ್ದು ಪೋಪರ ನೇಮಕದಿಂದ. ಕೆಲವೇ ತಿಂಗಳುಗಳಲ್ಲಿ ಅವರು ಸಿ.ಬಿ.ಸಿ.ಐ. ಅಧ್ಯಕ್ಷರೂ ಆದರು. ಆದರೆ ಆ ಹುದ್ದೆಯಿಂದ ಅವರಿಗೆ ವಿವಾದವನ್ನು ಇತ್ಯರ್ಥಗೊಳಿಸುವ ಹೆಚ್ಚಿನ ಅಧಿಕಾರವೇನೂ ದೊರೆಯಲಿಲ್ಲ. 2023ರ ಡಿಸೆಂಬರ್‌ನಲ್ಲಿ ಅವರು ಆಡಳಿತಾಧಿಕಾರಿಯ ಹೊಣೆಯಿಂದ ನಿವೃತ್ತರಾದಾಗಲೂ ವಿವಾದ ಬಗೆಹರಿದಿರಲಿಲ್ಲ.

ದಲಿತ ಕ್ರೈಸ್ತರ ಪ್ರಶ್ನೆಯಲ್ಲಿ ಮಂಡಳಿಯ ಶಕ್ತಿ ಮತ್ತು ಮಿತಿ ಎರಡೂ ಕಾಣುತ್ತವೆ. ಪರಿಶಿಷ್ಟ ಜಾತಿಗಳನ್ನು ಕುರಿತ 1950ರ ರಾಷ್ಟ್ರಪತಿ ಆದೇಶವು ಮೊದಲು ಹಿಂದೂಗಳಿಗೆ ಮಾತ್ರ ಅನ್ವಯಿಸುತ್ತಿತ್ತು. 1956ರಲ್ಲಿ ಸಿಖ್ಖರಿಗೂ 1990ರಲ್ಲಿ ಬೌದ್ಧರಿಗೂ ವಿಸ್ತರಿಸಿತು. ದಲಿತ ಕ್ರೈಸ್ತರಿಗೂ ಈ ಸ್ಥಾನಮಾನ ನೀಡಬೇಕೆಂದು ಸರ್ಕಾರವನ್ನು ಒತ್ತಾಯಿಸುವಲ್ಲಿ ಮಂಡಳಿಯು ದೇಶದ ಧರ್ಮಾಧ್ಯಕ್ಷರ ಸಮಾನ ಧ್ವನಿಯಾಗಿದೆ. ಆದರೆ ಜಾತಿ ತಾರತಮ್ಯ ಧರ್ಮಸಭೆಯೊಳಗೂ ಇದೆ ಎಂದು ಒಪ್ಪಿಕೊಂಡು 2016ರ ಡಿಸೆಂಬರ್‌ನಲ್ಲಿ ಮಂಡಳಿಯೇ ಪ್ರಕಟಿಸಿದ ದಲಿತ ಸಬಲೀಕರಣ ನೀತಿಯ ಅನುಷ್ಠಾನವು ಆಯಾ ಧರ್ಮಪ್ರಾಂತ್ಯಗಳ ಹೊಣೆಯಾಗಿದೆ. ದೆಹಲಿಯಲ್ಲಿ ಅಂಗೀಕಾರವಾದ ನೀತಿಯು ಹಳ್ಳಿಯ ಚರ್ಚಿನಲ್ಲಿ, ಸ್ಮಶಾನದಲ್ಲಿ ಅಥವಾ ಕಥೋಲಿಕ ಶಾಲೆಯ ಪ್ರವೇಶದಲ್ಲಿ ಬದಲಾವಣೆ ತರಬೇಕಾದರೆ ಅಲ್ಲಿನ ಧರ್ಮಾಧ್ಯಕ್ಷರು ಅದನ್ನು ಕಾರ್ಯರೂಪಕ್ಕೆ ಇಳಿಸಬೇಕಾಗುತ್ತದೆ. ಆದುದರಿಂದ ಮಂಡಳಿಯ ನಿರ್ಣಯವೊಂದರ ಪರಿಣಾಮವನ್ನು ಅಳೆಯುವಾಗ, ಅದು ಕಾನೂನಿನ ಬಲವುಳ್ಳ ಆಜ್ಞೆಯೋ ಸಾಮೂಹಿಕ ಮಾರ್ಗದರ್ಶನವೋ ಎಂಬುದನ್ನು ಮೊದಲು ಗುರುತಿಸುವುದು ಅವಶ್ಯಕ.