ಲಟ್ಟಣಿಗೆ ಹಿಡಿದ ಯುಸ್ತೀನಾ

ಹೆಂಡತಿ ಸ್ವಲ್ಪ ಗಟ್ಟಿಯಾಗಿ ಮಾತನಾಡಿದರೆ ಸಾಕು, ಅವಳಿಗೆ 'ಬಜಾರಿ' ಎಂಬ ಪಟ್ಟ ಸಿದ್ಧ. ಸಿನೆಮಾದಲ್ಲಂತೂ ಅವಳು ನಗಿಸುವುದಕ್ಕೇ ಮೀಸಲು. ದೂರದ ಫಿನ್‌ಲ್ಯಾಂಡಿನಲ್ಲೂ ಹಾಗೆಯೇ ಇತ್ತು ನೋಡಿ. 1902ರಲ್ಲಿ ಹುಟ್ಟಿದ ನಟಿ ಸೀರಿ ಆಂಗೆರ್ಕೋಸ್ಕಿಯನ್ನು ಅಲ್ಲಿನ ಜನ ಹೆಚ್ಚಾಗಿ ನೆನೆಯುವುದು ಅಂತಹ ಒಂದು ಪೋಷಕ ಪಾತ್ರಕ್ಕಾಗಿ.

1953ರಿಂದ 1960ರ ವರೆಗೆ ಅಲ್ಲಿ ಪೆಕ್ಕಾ ಎಂಬವನ ಕುರಿತು 13 ಹಾಸ್ಯಚಿತ್ರಗಳು ಬಂದವು. 1925ರಲ್ಲಿ ಆರಂಭವಾದ ವ್ಯಂಗ್ಯಚಿತ್ರ ಮಾಲಿಕೆಯೊಂದು ಅವುಗಳ ಮೂಲ. ಪೆಕ್ಕಾ ಸೋಮಾರಿ ಗಂಡ. ಪ್ಯಾಟ್ಕಾ ಅವನ ಕುಳ್ಳ ಗೆಳೆಯ. ಮನೆಯಲ್ಲಿ ಲಟ್ಟಣಿಗೆ ಹಿಡಿದು ಗದರಿಸುವ ಹೆಂಡತಿ ಯುಸ್ತೀನಾಳೇ ಸೀರಿಯ ಪಾತ್ರ. ವಿಮರ್ಶಕರು ಮೂಗು ಮುರಿದರು, ಜನ ಮುಗಿಬಿದ್ದರು.

ಅವಳ ಸಿಟ್ಟಿಗೆ ಕಾರಣವೇನು ಗೊತ್ತೇ? ಗಂಡ ಏನಾದರೂ ದುಡಿಯಲಿ ಎಂಬುದು, ಅಷ್ಟೇ! ಗೆಳೆಯರಿಬ್ಬರೂ ಒಂದು ಕೆಲಸ ಹಿಡಿಯುತ್ತಾರೆ, ಕೆಡಿಸುತ್ತಾರೆ, ಇನ್ನೊಂದಕ್ಕೆ ಹೊರಡುತ್ತಾರೆ. 1955ರ ಒಂದು ಚಿತ್ರದಲ್ಲಿ ಅವರು ಉದ್ಯಾನದಲ್ಲಿ ಮಕ್ಕಳನ್ನು ನೋಡಿಕೊಳ್ಳುವ ಆಯಾಗಳು. ಹೆಂಗಸರು ನಿತ್ಯ ಮಾಡುವ ಕೆಲಸವನ್ನು ಗಂಡಸರು ಮಾಡಿದರೆ ಅದೇ ಒಂದು ತಮಾಷೆ. ಲಟ್ಟಣಿಗೆಗೆ ನಕ್ಕವರಲ್ಲಿ ಎಷ್ಟು ಮಂದಿ ಆ ಮನೆಯ ಒಲೆ ಹೇಗೆ ಉರಿಯುತ್ತಿತ್ತೆಂದು ಯೋಚಿಸಿದರೋ!

ಮೊದಲ ಚಿತ್ರ ಬಂದಾಗ ಸೀರಿಗೆ ಐವತ್ತು ದಾಟಿತ್ತು. ನಾಯಕಿಯರನ್ನು ಮೂಲೆಗೆ ಸರಿಸುವ ವಯಸ್ಸಿನಲ್ಲಿ ಆಕೆ ಮನೆಮಾತಾದರು. ಆದರೂ 13 ಚಿತ್ರಗಳಲ್ಲಿ ಹೆಚ್ಚಿನವುಗಳ ಶೀರ್ಷಿಕೆಯಲ್ಲಿ ಪೆಕ್ಕಾನ ಹೆಸರಿದೆ, ಯುಸ್ತೀನಾಳ ಹೆಸರು ಒಂದರಲ್ಲೂ ಇಲ್ಲ.

ಅವುಗಳನ್ನು ತಯಾರಿಸಿದ ಸಂಸ್ಥೆ 1965ರಲ್ಲಿ ದಿವಾಳಿಯಾಯಿತು. 1971ರಲ್ಲಿ ಸೀರಿ ತೀರಿಕೊಂಡರು. ಆ ಬಳಿಕವೂ ಅಲ್ಲಿನ ಟಿ.ವಿ.ಯಲ್ಲಿ ಯುಸ್ತೀನಾ ಮತ್ತೆ ಮತ್ತೆ ಗಂಡನನ್ನು ಕೆಲಸಕ್ಕೆ ಅಟ್ಟುತ್ತಲೇ ಇದ್ದಳು.