ಅರ್ಜಿ ತೀರಿತು, ಋಣ ತೀರಲಿಲ್ಲ



ಕಾರ್ಮಿಕ ಸಂಘವೊಂದರ ಅರ್ಜಿಯನ್ನು ನ್ಯಾಯಾಲಯವು ನಿರರ್ಥಕವಾಗಿದೆಯೆಂದು ವಜಾ ಮಾಡಿದೊಡನೆ, 'ಸಂಘ ಸೋತಿತು' ಎಂದು ಹಿಗ್ಗುವವರು ನಮ್ಮ ಕಾಫಿಯ ಮಲೆಗಳಲ್ಲಿಯೂ ಉಂಟು. ಈ ಹಿಗ್ಗು ನ್ಯಾಯಶಾಸ್ತ್ರವನ್ನೂ ಅರಿಯದು, ಶರಣಧರ್ಮವನ್ನೂ ಅರಿಯದು. ವಿವಾದದ ವಸ್ತುವೇ ಇಲ್ಲವಾದಾಗ ನ್ಯಾಯಾಧೀಶರು ಕಡತವನ್ನು ಮುಚ್ಚುವುದು ಯುಕ್ತವೇ. ಆದರೆ ಕಡತ ಮುಚ್ಚಿದ ಮಾತ್ರಕ್ಕೆ ಬೇಡಿಕೆ ಸುಳ್ಳಾಗದು.

2020ರ ಮೇ 22ರಂದು ಕರ್ನಾಟಕ ಸರಕಾರವು ಕಾರ್ಖಾನೆಗಳ ದುಡಿಮೆಯನ್ನು ದಿನಕ್ಕೆ 10 ತಾಸು, ವಾರಕ್ಕೆ 60 ತಾಸಿನವರೆಗೆ ಹೆಚ್ಚಿಸಿ ಅಧಿಸೂಚನೆ ಹೊರಡಿಸಿತು. ಚಿಕ್ಕಮಗಳೂರಿನ ಕಾಫಿ ಕ್ಯೂರಿಂಗ್ ಕಾರ್ಖಾನೆಗಳಲ್ಲಿ ಬೀಜ ಆರಿಸುವ ಹೆಂಗಸರೂ ಅದರ ವ್ಯಾಪ್ತಿಗೆ ಹೊರತಾಗಿರಲಿಲ್ಲ. ಉಚ್ಚ ನ್ಯಾಯಾಲಯದಲ್ಲಿ ಅದನ್ನು ಪ್ರಶ್ನಿಸಲಾಗಿ, ಜೂನ್ 11ರಂದು ಸರಕಾರವೇ ಹಿಂತೆಗೆದುಕೊಂಡಿತು. ಅದೇ ಮೇ ತಿಂಗಳಲ್ಲಿ ಉತ್ತರ ಪ್ರದೇಶ ಸರಕಾರವು ತನ್ನ 12 ತಾಸಿನ ಆದೇಶವನ್ನು ಹಿಂಪಡೆದ ಬಳಿಕ, ವರ್ಕರ್ಸ್ ಫ್ರಂಟ್ ಸಂಘಟನೆಯ ಅರ್ಜಿಯನ್ನು ಅಲಹಾಬಾದ್ ಉಚ್ಚ ನ್ಯಾಯಾಲಯವು ನಿರರ್ಥಕವೆಂದು ಮುಗಿಸಿತು. ಇಲ್ಲಿ ಸೋತವರಾರು? ಬೇಡಿದ್ದು ದೊರೆತುದರಿಂದಲೇ ಅಲ್ಲವೆ ಅರ್ಜಿ ನಿರರ್ಥಕವಾದುದು!

ಆದರೂ ನಷ್ಟವೊಂದುಂಟು. ಗುಜರಾತ್ ಮಜ್ದೂರ್ ಸಭಾದ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯವು 2020ರ ಅಕ್ಟೋಬರ್ 1ರಂದು ಇಂತಹುದೇ ಅಧಿಸೂಚನೆಗಳನ್ನು ರದ್ದುಪಡಿಸಿ, ಹೆಚ್ಚುವರಿ ದುಡಿಮೆಗೆ ಕಾಯಿದೆಯಂತೆ ಇಮ್ಮಡಿ ಕೂಲಿ ಕೊಡಬೇಕೆಂದು ಆಜ್ಞಾಪಿಸಿತು. ತೀರ್ಪು ಬಂದಲ್ಲಿ ಕಳೆದ ದಿನಗಳ ಲೆಕ್ಕವೂ ಆಯಿತು. ಆದೇಶ ಹಿಂದಕ್ಕೆ ಸರಿದಲ್ಲಿ ಪ್ರಶ್ನೆ ಮಾತ್ರ ಉಳಿಯಿತು. ಉಳಿದ ಪ್ರಶ್ನೆ ಬೇರೊಂದು ಬಾಗಿಲಿನಿಂದ ಮರಳಿ ಬಾರದಿರಲಿಲ್ಲ: 2023ರಲ್ಲಿ ಕರ್ನಾಟಕದ ಶಾಸನಸಭೆಯು ಕಾರ್ಖಾನೆ ಕಾಯಿದೆಯನ್ನು ತಿದ್ದಿ, ವಾರಕ್ಕೆ 48 ತಾಸಿನ ಮಿತಿಯೊಳಗೆ ದಿನಕ್ಕೆ 12 ತಾಸಿನವರೆಗೆ ದುಡಿಸಲು ಎಡೆ ಮಾಡಿತು.

ತೋಟಗಳ ಮಾತೂ ಹಾಗೆಯೇ. ಕೂಲಿಕಾರರಿಗೆ ಮನೆ, ಔಷಧೋಪಚಾರ, ಶಿಶುವಿಹಾರಗಳನ್ನು ವಿಧಿಸಿದ್ದ 1951ರ ಪ್ಲಾಂಟೇಷನ್ ಕಾರ್ಮಿಕ ಕಾಯಿದೆಯ ಸ್ಥಾನಕ್ಕೆ 2025ರ ನವೆಂಬರ್ 21ರಿಂದ ಹೊಸ ಸಂಹಿತೆ ಬಂದಿದೆ. ಕಾಯಿದೆ ಬದಲಾದೀತು, ಬೆವರಿನ ಬೆಲೆ ಬದಲಾದೀತೆ? ಮೂಡಿಗೆರೆ, ಕಳಸದ ತೋಟಗಳಿಗೆ ಹಣ್ಣು ಕೊಯ್ಯಲು ದೂರದಿಂದ ಬಂದವಳು, ಕಣದಲ್ಲಿ ಕಾಫಿ ಒಣಗುವ ಹೊತ್ತಿಗೆ ತನ್ನೂರಿನ ಬಸ್ಸು ಹತ್ತಿರುತ್ತಾಳೆ. ತೂಕದಲ್ಲಿ ಮೋಸವಾಗಿದ್ದರೆ ಅವಳ ದೂರು ನ್ಯಾಯಾಲಯದ ಮೆಟ್ಟಿಲು ಮುಟ್ಟುವ ಮೊದಲೇ ನಿರರ್ಥಕ! ಬೆಲೆಯ ಕುಸಿತ, ಅಕಾಲದ ಮಳೆ, ಬೆಳೆಗಾರನ ಸಾಲ ನಾವು ಅರಿಯದುದಲ್ಲ. ಆದರೆ ಆ ಭಾರವನ್ನು ಎಲ್ಲರಿಗಿಂತ ಬಡವಳಾದವಳ ತಲೆಯ ಮೇಲೆ ಹೊರಿಸುವುದು ಯಾವ ಧರ್ಮ?

ಆಯ್ದಕ್ಕಿ ಮಾರಯ್ಯನವರು ಒಂದು ದಿನ ವಾಡಿಕೆಗಿಂತ ಹೆಚ್ಚು ಅಕ್ಕಿ ತಂದಾಗ, ಲಕ್ಕಮ್ಮನವರು ಅದನ್ನು ಒಪ್ಪದೆ ಮರಳಿ ಚೆಲ್ಲಿಬರುವಂತೆ ಹೇಳಿದರು. ಅವರನ್ನು ತಡೆದ ಕೋರ್ಟು ಯಾವುದೂ ಇರಲಿಲ್ಲ, ತಡೆದುದು ಅಂತರಂಗ. ನಮ್ಮ ಭಕ್ತರ ಕಣಗಳಲ್ಲಿಯೂ ಹಾಗೆ ಮರಳಿಸಬೇಕಾದ ಹೆಚ್ಚಿನ ಅಕ್ಕಿ ಎಷ್ಟಿದೆಯೋ! ಈ ಕೊಯ್ಲು ಮುಗಿಯುವಾಗ, ಕೊನೆಯ ಬಸ್ಸು ಹೊರಡುವ ಮುನ್ನ, ಕೂಲಿಯ ಲೆಕ್ಕವನ್ನು ಅವಳ ಎದುರಿನಲ್ಲಿಯೇ ಓದಿ, ಪೈಸೆ ಬಾಕಿಯಿಲ್ಲದೆ ತೀರಿಸಿರಿ. ಆ ಬಳಿಕ ಲಿಂಗಪೂಜೆಗೆ ಕುಳಿತುಕೊಳ್ಳಿರಿ. ಅಲ್ಲಿ ಯಾರ ಅರ್ಜಿಯೂ ನಿರರ್ಥಕವೆಂದು ವಜಾ ಆಗುವುದಿಲ್ಲ.