ದೂರವಾಣಿನಗರದ ದೊಡ್ಡ ದನಿ

ಮಕ್ಕಳೇ, ಕೆ.ಆರ್. ಪುರ, ವೈಟ್‌ಫೀಲ್ಡ್ ಕಡೆ ಇರುವವರು ದೂರವಾಣಿನಗರದ ಹೆಸರು ಕೇಳಿಯೇ ಇರುತ್ತೀರಿ. ಗಾಜಿನ ಗೋಡೆಯ ಸಾಫ್ಟ್‌ವೇರ್ ಕಂಪನಿಗಳು ಆ ದಿಕ್ಕಿಗೆ ಬರುವುದಕ್ಕೆ ಎಷ್ಟೋ ಮೊದಲು, 1948ರಲ್ಲಿ, ಅಲ್ಲಿ ಇಂಡಿಯನ್ ಟೆಲಿಫೋನ್ ಇಂಡಸ್ಟ್ರೀಸ್ ಶುರುವಾಯಿತು. ಎಲ್ಲರ ಬಾಯಲ್ಲಿ ಐ.ಟಿ.ಐ. ಅಜ್ಜಿಯ ಮನೆಯ ಮೂಲೆಯಲ್ಲಿ ಕಸೂತಿ ಬಟ್ಟೆ ಹೊದ್ದು ಕೂತಿರುತ್ತಿದ್ದ ಭಾರದ ಕಪ್ಪು ಫೋನು ತಯಾರಾಗುತ್ತಿದ್ದದ್ದು ಅಂಥ ಕಾರ್ಖಾನೆಯಲ್ಲೇ. ಅದರ ಡಯಲ್ಲಿಗೆ ಬೆರಳು ಹಾಕಿ ತಿರುಗಿಸಿ ಬಿಟ್ಟರೆ ಕಿರ್ರ್ ಎಂದು ಹಿಂದಕ್ಕೆ ಬರುತ್ತಿತ್ತು. 5 ತಿರುಗಿಸಿದರೆ ತಂತಿಯಲ್ಲಿ 5 ಮಿಡಿತ, ಸೊನ್ನೆ ತಿರುಗಿಸಿದರೆ 10. ಸೊನ್ನೆ ಜಾಸ್ತಿ ಇರುವ ನಂಬರೆಂದರೆ ಬೆರಳಿಗೂ ತಾಳ್ಮೆಗೂ ಪರೀಕ್ಷೆ!

ಆ ಐ.ಟಿ.ಐ.ನಲ್ಲಿ 27 ವರ್ಷ ದುಡಿದು 1992ರಲ್ಲಿ ನಿವೃತ್ತರಾದವರೊಬ್ಬರ ಕತೆ ಈ ವಾರ. ಅವರ ಹೆಸರು ಸಿ. ಅಶ್ವತ್ಥ್. ಹೌದು, ಹಾಡುಗಾರ ಅಶ್ವತ್ಥ್ ಅವರೇ.

ಹುಟ್ಟಿದ್ದು ಹಾಸನ ಜಿಲ್ಲೆಯ ಚನ್ನರಾಯಪಟ್ಟಣದಲ್ಲಿ, 1939ರ ಡಿಸೆಂಬರ್ 29ರಂದು. ತಾರೀಖು ನೆನಪಿಟ್ಟುಕೊಳ್ಳಿ. ಕುವೆಂಪು ಹುಟ್ಟಿದ್ದೂ ಡಿಸೆಂಬರ್ 29ರಂದೇ, 1904ರಲ್ಲಿ. ಅಶ್ವತ್ಥ್ ಅವರ ಸಂಗೀತಕ್ಕೆ ನಾಟಕದ ನಂಟು ಮೊದಲಿನಿಂದಲೂ ಇತ್ತು. ಮಾಸ್ತಿಯವರ ‘ಕಾಕನಕೋಟೆ’ ನಾಟಕವನ್ನು ಸಿ.ಆರ್. ಸಿಂಹ ಅವರು 1977ರಲ್ಲಿ ಸಿನಿಮಾ ಮಾಡಿದಾಗ ಅದಕ್ಕೆ ಸಂಗೀತ ಕೊಟ್ಟವರು ಇವರು. ಆಮೇಲೆ ಎಲ್. ವೈದ್ಯನಾಥನ್ ಜೊತೆ ಸೇರಿ ‘ಅಶ್ವತ್ಥ್-ವೈದಿ’ ಎಂಬ ಜೋಡಿಯಾಗಿ ‘ನಾರದ ವಿಜಯ’, ‘ಆಲೆಮನೆ’ ಮುಂತಾದ ಚಿತ್ರಗಳಿಗೂ ರಾಗ ಕಟ್ಟಿದರು.

ಆದರೆ ಅವರನ್ನು ಮನೆಮನೆಗೆ ತಂದದ್ದು ಸಿನಿಮಾಕ್ಕಿಂತ ಹೆಚ್ಚಾಗಿ ಭಾವಗೀತೆ. ಕವಿತೆಯನ್ನು ಪುಸ್ತಕದಿಂದ ಎತ್ತಿ ಹಾಡುವ ದಾರಿಯನ್ನು ಮೊದಲೇ ತುಳಿದವರು ಪಿ. ಕಾಳಿಂಗರಾಯರು. ಆಮೇಲೆ ಮೈಸೂರು ಅನಂತಸ್ವಾಮಿಯವರು. ನಿಸಾರ್ ಅಹಮದ್ ಅವರ ಕವಿತೆಗಳಿಗೆ ಅನಂತಸ್ವಾಮಿಯವರು ರಾಗ ಹಾಕಿದ ‘ನಿತ್ಯೋತ್ಸವ’ ಕ್ಯಾಸೆಟ್ 1978ರಲ್ಲಿ ಬಂತು. ಅದೇ ದಾರಿಯಲ್ಲಿ ಅಶ್ವತ್ಥ್ ತಮ್ಮ ಕಂಚಿನ ಕಂಠ ಹಿಡಿದು ಬಂದರು. ಮೆಲ್ಲಗೆ ಗುನುಗುವ ಜಾಯಮಾನ ಅವರದ್ದಲ್ಲ. ಪದವನ್ನು ಎಳೆದು, ಒತ್ತಿ, ಕೆಲವೊಮ್ಮೆ ಕೂಗಿಯೇ ಹಾಡುತ್ತಿದ್ದರು. ಕವಿತೆಯನ್ನು ಓದಬೇಕು, ಇಷ್ಟು ವಾದ್ಯ, ಇಷ್ಟು ಅಬ್ಬರ ಯಾಕೆ ಎಂದು ಮುಖ ಸಿಂಡರಿಸಿದವರೂ ಇದ್ದರು. ಅವರ ಮಾತಿನಲ್ಲೂ ಸ್ವಲ್ಪ ಹುರುಳಿದೆ ಅನ್ನಿ. ಆದರೆ ಕವನಸಂಕಲನ ಮುಟ್ಟದ ಎಷ್ಟೋ ಜನರಿಗೆ ಕೆ.ಎಸ್. ನರಸಿಂಹಸ್ವಾಮಿಯವರು ಬಾಯಿಪಾಠವಾದದ್ದು ಈ ಹಾಡುಗಳಿಂದಲೇ.

ಶರೀಫರ ವಿಷಯದಲ್ಲಂತೂ ಇದು ಇನ್ನೂ ನಿಜ. ಶಿಶುನಾಳ ಶರೀಫರು (1819–1889) ಈಗಿನ ಹಾವೇರಿ ಜಿಲ್ಲೆಯವರು. ಅವರ ತತ್ವಪದಗಳು ಉತ್ತರ ಕರ್ನಾಟಕದ ಭಜನೆಗಳಲ್ಲಿ ಬಾಯಿಂದ ಬಾಯಿಗೆ ಉಳಿದು ಬಂದಿದ್ದವು. ಅವುಗಳನ್ನು ಬೆಂಗಳೂರಿನ ಮನೆಗಳ ಟೇಪ್‌ರೆಕಾರ್ಡರಿಗೆ ತಂದವರಲ್ಲಿ ಅಶ್ವತ್ಥ್ ಮತ್ತು ಶಿವಮೊಗ್ಗ ಸುಬ್ಬಣ್ಣ ಮುಖ್ಯರು. 1990ರಲ್ಲಿ ಟಿ.ಎಸ್. ನಾಗಾಭರಣರ ‘ಸಂತ ಶಿಶುನಾಳ ಶರೀಫ’ ಬಂದಾಗ ಸಂಗೀತವೂ ಅಶ್ವತ್ಥ್ ಅವರದೇ. ಆಗಲೂ ಅವರು ಐ.ಟಿ.ಐ. ನೌಕರರೇ ಎಂಬುದನ್ನು ಮರೆಯಬೇಡಿ.

ಇಂಥದ್ದೇ ಕೆಲಸ ದೂರದ ಹಾಂಗ್‌ಕಾಂಗ್‌ನಲ್ಲೂ ನಡೆದಿತ್ತು. ಅಲ್ಲಿ ಸ್ಯಾಮ್ ಹುಯಿ ಎಂಬ ಗಾಯಕ ಮೊದಲು ತನ್ನ ತಂಡದೊಂದಿಗೆ ಇಂಗ್ಲಿಷ್ ಹಾಡು ಹಾಡುತ್ತಿದ್ದ. ಆಗ ಹುಡುಗರಿಗೆ ಅದೇ ಫ್ಯಾಷನ್ನು. 1974ರಿಂದ ಅಣ್ಣ ಮೈಕೇಲ್ ಹುಯಿಯ ಸಿನಿಮಾಗಳಿಗೆ ಬೀದಿಯ ಕ್ಯಾಂಟನೀಸ್ ಮಾತಿನಲ್ಲೇ ಪಾಪ್ ಹಾಡಲು ಶುರುಮಾಡಿದ. ಸಂಬಳ ಸಾಲದೆ ಒದ್ದಾಡುವ ಕೆಲಸಗಾರರ ಪಾಡೂ ಹಾಡಾಯಿತು. ನಮ್ಮವರು ಮಾತ್ರ ಪದಗಳಿಗೆ ಕವಿಗಳ ಬಾಗಿಲಿಗೇ ಹೋದರು.

2005ರಲ್ಲಿ ಬೆಂಗಳೂರಿನ ಅರಮನೆ ಮೈದಾನದಲ್ಲಿ ‘ಕನ್ನಡವೇ ಸತ್ಯ’ ನಡೆಯಿತು. ಬರೀ ಕನ್ನಡ ಕವಿತೆಗಳ ಹಾಡು ಕೇಳಲು ಮೈದಾನ ತುಂಬುವಷ್ಟು ಜನ! ಅಲ್ಲಿದ್ದ ಅಜ್ಜ ಅಜ್ಜಿಯರು ನಿಮ್ಮ ಮನೆಯಲ್ಲೂ ಇರಬಹುದು, ಕೇಳಿ ನೋಡಿ. ನಾಲ್ಕು ವರ್ಷದ ಬಳಿಕ, 2009ರ ಡಿಸೆಂಬರ್ 29ರಂದು, ತಮ್ಮ 70ನೇ ಹುಟ್ಟುಹಬ್ಬದ ದಿನವೇ ಅಶ್ವತ್ಥ್ ತೀರಿಕೊಂಡರು. ಮರುದಿನ ನಟ ವಿಷ್ಣುವರ್ಧನ್ ಕೂಡ ಹೋದರು. ಆ ಎರಡು ದಿನ ನಾಡಿಗೆ ಯಾರಿಗಾಗಿ ಅಳಬೇಕೆಂದೇ ತಿಳಿಯಲಿಲ್ಲ.

ಇನ್ನೊಂದು ಸಂಗತಿ ನಿಮಗೇ ಸಂಬಂಧಪಟ್ಟದ್ದು. ಶಾಲೆಯಲ್ಲಿ ನೀವು ಹಾಡುವ ಕುವೆಂಪು ಅವರ ನಾಡಗೀತೆಗೆ ಅನಂತಸ್ವಾಮಿಯವರ ಧಾಟಿ ಒಂದು, ಅಶ್ವತ್ಥ್ ಅವರ ಧಾಟಿ ಇನ್ನೊಂದು. 2004ರಲ್ಲಿ ಅದು ನಾಡಗೀತೆಯಾದ ಮೇಲೆ ಯಾವುದನ್ನು ಹಾಡಬೇಕೆಂದು ವರ್ಷಗಟ್ಟಲೆ ಚರ್ಚೆ ನಡೆಯಿತು. ಕೊನೆಗೆ 2022ರಲ್ಲಿ ಸರ್ಕಾರ ಅನಂತಸ್ವಾಮಿಯವರ ಧಾಟಿಯನ್ನು ಗೊತ್ತುಮಾಡಿ, 2 ನಿಮಿಷ 30 ಸೆಕೆಂಡಿನಲ್ಲಿ ಹಾಡಬೇಕೆಂದಿತು. ಪ್ರಶ್ನೆ ಹೈಕೋರ್ಟಿಗೂ ಹೋಯಿತು, 2024ರಲ್ಲಿ ಆದೇಶ ಉಳಿಯಿತು. ಸರ್ಕಾರಿ ಸಮಾರಂಭಕ್ಕೆ ಒಂದೇ ಧಾಟಿ ಬೇಕು, ಸರಿ. ಮನೆಯಲ್ಲಿ ಎರಡನ್ನೂ ಹಾಡಿಕೊಳ್ಳಲು ಯಾರ ಅಡ್ಡಿಯೂ ಇಲ್ಲ. ಈ ಭಾನುವಾರ ಅಜ್ಜಿ ಒಂದು ಧಾಟಿ ಹಿಡಿಯಲಿ, ನೀವು ಇನ್ನೊಂದು ಹಿಡಿಯಿರಿ. ಅಜ್ಜನ ಕೈಗೆ ಗಡಿಯಾರ ಕೊಡಿ.